ಬಿಸಿಲೇರುವ ಮುನ್ನ ಉದುರುವುದು

ಅಜ್ಜಂಪುರ ಸ್ಟೇಷನ್ನಿನ ಕಲ್ಲುಬೆಂಚಿನ ಮೇಲೆ ಕೂತು ದಾಕ್ಷಾಯಣಮ್ಮ ಕೈಚೀಲದೊಳಗಿನ ಬೆಂಕಿಪೊಟ್ಟಣವನ್ನು ಮತ್ತೊಮ್ಮೆ ಮುಟ್ಟಿ ನೋಡಿಕೊಂಡಳು. ಇತ್ತು. ಇಲ್ಲದೆ ಎಲ್ಲಿಗೆ ಹೋಗುತ್ತದೆ. ಹೋಗಿದ್ದರೆ ಚೆನ್ನಾಗಿತ್ತು ಎಂದು ಅನಿಸಿದ್ದೂ ನಿಜ. ಬಸ್ಸಿನ ಕಿಟಕಿಯಿಂದ ಜಾರಿ ಬಿದ್ದಿದ್ದರೆ, ಪಕ್ಕದಲ್ಲಿ ಕೂತವನು ಬೀಡಿ ಹಚ್ಚಲು ಇಸಿದುಕೊಂಡು ಒಳಗಿದ್ದದ್ದನ್ನು ಉಫ್ ಎಂದು ಊದಿಬಿಟ್ಟಿದ್ದರೆ, ಅದು ತನ್ನ ತಪ್ಪು ಆಗುತ್ತಿರಲಿಲ್ಲ. ಧಾರವಾಡದ ಕಡೆಯಿಂದ ಬರುವ ಗಾಡಿ ತಡವಾಗುತ್ತದೆಂದು ಸ್ಟೇಷನ್ ಮಾಸ್ತರು ಹೇಳಿ ಒಳಗೆ ಹೋಗಿದ್ದ. ಹೇಳುವಾಗ ಅವಳ ಸೀರೆಯನ್ನು ಒಂದು ಸಲ ನೋಡಿದ್ದ. ನಿನ್ನೆ ಉಟ್ಟ ಸೀರೆ, ಅಂಚಿನ ತುಂಬ ಕಾವಲಿನ ಹುಲ್ಲಿನ ಚುಚ್ಚುವ ಊಬು, ಮೈಯೆಲ್ಲ ರಾತ್ರಿ ತಂಗಿದ್ದ ಆಡು ಕಾಯುವ ತಿಮ್ಮಕ್ಕನ ಮನೆಯ ಹೊಗೆಯ ವಾಸನೆ. ಕಡೂರಿನ ಕಾಲೇಜಿನಲ್ಲಿ ಇಸ್ತ್ರಿ ಮುರಿಯದ ಸೀರೆಯಲ್ಲಿ ಪಾಠ ಮಾಡುವ ಬಾಟನಿ ಮೇಡಂ ಇವಳೇ ಎಂದು ಹೇಳಿದರೆ ಯಾರೂ ನಂಬುವಂತಿರಲಿಲ್ಲ. ಅಣ್ಣ ಬೆನಕಪ್ಪನ ಮನೆ ಇಲ್ಲಿಂದ ಕೂಗಳತೆಯ ದೂರ. ಹೋಗಿ ಮುಖ ತೊಳೆದುಕೊಂಡು ಬರಬಹುದಿತ್ತು. ಆದರೆ ರಾತ್ರಿ ಎಲ್ಲಿದ್ದೆ ಎಂದು ಅತ್ತಿಗೆ ವಿಮಲಮ್ಮ ಕೇಳುತ್ತಾಳೆ, ಹೇಳಿದ ಮೇಲೆ ಏನೂ ಅನ್ನದೆ ಕಾಫಿ ತಂದಿಡುತ್ತಾಳೆ. ಆ ಏನೂ ಅನ್ನದಿರುವುದನ್ನು ಈ ಬೆಳಿಗ್ಗೆ ತಡೆದುಕೊಳ್ಳುವ ಶಕ್ತಿ ಇರಲಿಲ್ಲವಾಗಿ ಅವಳು ಬಸ್ಸಿಳಿದವಳೇ ನೇರ ಇಲ್ಲಿಗೆ ಬಂದಿದ್ದಳು.

ಪೊಟ್ಟಣದಲ್ಲಿದ್ದದ್ದು ನೋಡುವವರ ಕಣ್ಣಿಗೆ ಏನೇನೂ ಅಲ್ಲ. ಕತ್ತರಿಸಿ ಬಿಸಾಕಿದ ಉಗುರಿನಂಥ, ಬೂದಿ ಬಣ್ಣದ, ಮೈಗೆಲ್ಲ ತುಪ್ಪಟ ಹತ್ತಿದ ಕೆಲವು ಚೂರು. ಇವು ಇವೆಯೋ ಇಲ್ಲವೋ ಎಂಬುದರ ಮೇಲೆ ತನ್ನ ಹೆಸರು ನಿಂತಿದೆ ಎಂದರೆ ನಗು ಬರುತ್ತದೆ. ಚೌಳಹಿರಿಯೂರಿನ ಆಚೆ, ದನ ಮೇಯಲು ಬಿಟ್ಟ ಕಾವಲಿನಲ್ಲಿ ಹಾಳುಬಿದ್ದ ಕಲ್ಲುಕಟ್ಟೆಯೊಂದಿದೆ. ಅದರ ಸಂದಿನಲ್ಲಿ ಎದೆಯೆತ್ತರದ ಒಂದೇ ಒಂದು ಗಿಡ. ತುರ್ತು ಪರಿಸ್ಥಿತಿ ಮುಗಿದ ಮರುವರ್ಷ ಹುಲ್ಲು ಸಂಗ್ರಹಿಸಲು ಹೋದಾಗ ಅವಳು ಅದನ್ನು ಕಂಡಿದ್ದಳು. ಎಲೆಯೆಲ್ಲ ಬೂದಿ ಬಳಿದುಕೊಂಡ ಹಾಗೆ, ಹೂವು ಮಾತ್ರ ತೆಳು ಹಳದಿ, ಒಳಗೆ ಕುಂಕುಮದ ಒಂದು ಬೊಟ್ಟು. ದಾಸವಾಳದ ಕುಟುಂಬ ಎಂದು ನೋಡಿದ ಕೂಡಲೇ ಹೇಳಬಹುದಿತ್ತು, ಏಕೆಂದರೆ ಗಂಡುಕೇಸರಗಳೆಲ್ಲ ಕೂಡಿ ಒಂದು ಕಂಬವಾಗಿ ನಿಂತಿದ್ದವು. ಆದರೆ ಆ ಕುಟುಂಬದಲ್ಲಿ ಯಾರ ಮಗು? ಗಿಡ ಗುರುತಿಸುವ ಪುಸ್ತಕ ಒಂದೊಂದೇ ಪ್ರಶ್ನೆ ಕೇಳುತ್ತ ಹೋಗುತ್ತದೆ, ಗಿಡ ಇದೆ ಅಥವಾ ಇಲ್ಲ ಎನ್ನಬೇಕು, ಪ್ರತಿ ಉತ್ತರಕ್ಕೂ ದಾರಿ ಕವಲೊಡೆಯುತ್ತದೆ. ಮೊದಲ ದೊಡ್ಡ ಪ್ರಶ್ನೆಯೇ ಇದು: ಹೂವಿನ ಹಸಿರು ಬಟ್ಟಲಿನ ಕೆಳಗೆ ಇನ್ನೊಂದು ಸುತ್ತು ಪುಟ್ಟ ಎಸಳುಗಳು, ಎಪಿಕ್ಯಾಲಿಕ್ಸ್ ಎನ್ನುವುದು, ಇದೆಯೋ ಇಲ್ಲವೋ? ದಾಸವಾಳಕ್ಕೆ ಇದೆ. ಬೇಲಿಯ ಶ್ರೀಮುದ್ರೆ ಗಿಡಕ್ಕೆ ಇಲ್ಲ. ಅವಳು ನೋಡಿದಳು, ಇರಲಿಲ್ಲ. ಸಾಲುಸಾಲು ವರ್ಷ ಹೋಗಿ ನೋಡಿದಳು, ಇರಲಿಲ್ಲ. ಇಲ್ಲ ಎಂಬ ದಾರಿ ಹಿಡಿದು ಹೋದರೆ ಕೊನೆಯಲ್ಲಿ ಇಂಥ ಗಿಡ ಯಾರೂ ಕಂಡಿರಲಿಲ್ಲ. ಹೊಸತು. ಅವಳ ಹಳೆಯ ವಿದ್ಯಾರ್ಥಿ, ಈಗ ಧಾರವಾಡದಲ್ಲಿ ಡಾಕ್ಟರೇಟ್ ಪಡೆದು ಗಿಡಗಳ ವರ್ಗೀಕರಣದಲ್ಲಿ ಹೆಸರು ಮಾಡಿರುವ ಚಂದ್ರಶೇಖರ, ಹೋದ ಯುಗಾದಿಗೆ ಊರಿಗೆ ಬಂದಾಗ ಗಿಡದ ರೆಂಬೆ ಒಣಗಿಸಿ ಅಂಟಿಸಿದ ಹಾಳೆಗಳನ್ನೆಲ್ಲ ನೋಡಿ, ಇದಕ್ಕೆ ನಿಮ್ಮ ಹೆಸರೇ ಇಡೋದು ಮೇಡಂ, ಲ್ಯಾಟಿನ್ನಿನಲ್ಲಿ ದಾಕ್ಷಾಯಣಿ ಅಂತ ಬರುತ್ತೆ, ಪ್ರಪಂಚ ಇರೋವರೆಗೂ ಇರುತ್ತೆ ಎಂದಿದ್ದ. ಇವತ್ತು ಅವನು ಬರುತ್ತಿರುವುದು ಗಿಡದ ಫೋಟೋ ತೆಗೆದುಕೊಂಡು ಸಂಜೆಯ ಗಾಡಿಗೆ ಹಿಂದಿರುಗಲಿಕ್ಕೆ.

ಪ್ರಪಂಚ ಇರೋವರೆಗೂ. ಆ ಮಾತು ಕೇಳಿದ ದಿನ ಅವಳು ಬಾಡಿಗೆ ಮನೆಯ ಬಾಗಿಲು ಹಾಕಿಕೊಂಡು ಕನ್ನಡಿಯ ಮುಂದೆ ತನ್ನ ಹೆಸರನ್ನು ತಾನೇ ಒಮ್ಮೆ ಕರೆದುಕೊಂಡಿದ್ದಳು. ಐವತ್ತು ದಾಟಿದ ಹೆಂಗಸು. ಮದುವೆಯಿಲ್ಲ, ಮಕ್ಕಳಿಲ್ಲ. ಅಣ್ಣ ಕೆಟ್ಟವನಲ್ಲ, ಆದರೆ ಹಬ್ಬಕ್ಕೆ ಹೋದಾಗಲೆಲ್ಲ ಎಲೆ ಅಡಿಕೆ ಹಾಕಿಕೊಳ್ಳುತ್ತ ಒಂದು ಮಾತು ಆಡಿಯೇ ಆಡುತ್ತಾನೆ: ‘ಎಷ್ಟು ಓದಿದ್ರೇನು ಬಿಡು, ನಾಳೆ ನಿನ್ನ ಹೆಸ್ರು ಹೇಳೋರು ಒಬ್ರು ಬ್ಯಾಡ್ವಾ.’ ಅದಕ್ಕೆ ಅವಳು ನಕ್ಕುಬಿಡುತ್ತಾಳೆ. ನಗದೆ ಏನು ಮಾಡುವುದು? ಮದುವೆಯೇನೂ ತಾನಾಗಿ ತಪ್ಪಿಸಿಕೊಂಡದ್ದಲ್ಲ. ಸಖರಾಯಪಟ್ಟಣದ ಒಂದು ಗಂಡು, ತೆಂಗಿನ ತೋಟದವರು, ಬಂದು ನೋಡಿ ಒಪ್ಪಿ, ಮಂಡಕ್ಕಿ ಉಪ್ಪಿಟ್ಟು ಎಲ್ಲ ಮುಗಿದು, ಎದ್ದು ಹೋಗುವ ಹೊತ್ತಿಗೆ ಅವರ ಕಡೆಯ ಹಿರಿಯರೊಬ್ಬರು ಬೆಡಗು ಯಾವುದು ಎಂದು ಕೇಳಿದ್ದರು. ಅಪ್ಪ ಹೇಳಿದರು. ಅವರದೂ ಅದೇ. ಒಂದೇ ಬೆಡಗಾದರೆ ಒಡಹುಟ್ಟಿದವರಂತೆ, ಕೊಟ್ಟು ತರುವ ಹಾಗಿಲ್ಲ. ಬೆಳಿಗ್ಗೆ ಗಂಡನಾಗಬೇಕಾಗಿದ್ದವನು ಸಂಜೆಗೆ ಅಣ್ಣನಾಗಿ ಹೋದ. ಆಮೇಲೆ ಬಂದವರೂ ಇಂಥದೇ ಪ್ರಶ್ನೆ ಕೇಳಿದರು: ಒಳಪಂಗಡ ಯಾವುದು, ಸಾದರೋ, ನೊಳಂಬರೋ, ಮಠ ಯಾವುದು, ಬಣ್ಣ ಎಂಥದು, ಓದು ಜಾಸ್ತಿಯಾಯಿತಲ್ಲ? ಒಂದೊಂದು ಉತ್ತರಕ್ಕೂ ಒಂದೊಂದು ದಾರಿ ಮುಚ್ಚಿತು. ಬಾಟನಿ ಪುಸ್ತಕದಲ್ಲಿ ಅದೇ ಬಗೆಯ ಪ್ರಶ್ನೆಗಳನ್ನು ಮೊದಲ ಸಲ ಕಂಡಾಗ ಅವಳಿಗೆ ಎಂಥ ಸಂತೋಷವಾಗಿತ್ತು! ಇಲ್ಲಿ ಕೇಳುವವಳು ತಾನು, ಹೇಳಬೇಕಾದದ್ದು ಗಿಡ. ಪ್ರತಿ ವರ್ಷ ಮೊದಲ ಪಾಠಕ್ಕೆ ದಾಸವಾಳವನ್ನೇ ಕೊಯ್ದು ತೋರಿಸುತ್ತಾಳೆಂದು ಹುಡುಗರು ಅವಳಿಗೆ ದಾಸವಾಳ ಮೇಡಂ ಎಂದು ಹೆಸರಿಟ್ಟಿದ್ದರು. ಕಪ್ಪು ಹಲಗೆಯ ಮೂಲೆಯಲ್ಲಿ ಜಡೆ ಹಾಕಿದ ದಾಸವಾಳದ ಚಿತ್ರ ಬರೆದಿರುತ್ತಿದ್ದರು. ಅವಳು ಅದನ್ನು ಅಳಿಸಿ ಪಾಠ ಶುರುಮಾಡುತ್ತಿದ್ದಳು.

ಗಾಡಿಯ ಸುಳಿವಿರಲಿಲ್ಲ. ಹಳಿಯ ಮೇಲೆ ಬಿಸಿಲು ಕುಣಿಯತೊಡಗಿತ್ತು. ಈ ಹೊತ್ತಿಗೆ ಅಲ್ಲಿ ಹೂವು ಪೂರ್ತಿ ಅರಳಿ ನಿಂತಿರುತ್ತದೆ, ಅದರ ಬುಡದಲ್ಲಿ ಬಿದ್ದದ್ದನ್ನು ಗಾಳಿ ಹೊತ್ತುಕೊಂಡು ಹೋಗಿರುತ್ತದೆ. ಇಷ್ಟು ವರ್ಷ ತಾನು ಕಂಡದ್ದು ಈ ಹೊತ್ತು ಕಳೆದ ಮೇಲಿನ ಗಿಡವನ್ನೇ. ಬೆಳಗಿನ ಕ್ಲಾಸು ಮುಗಿಸಿ ಮಧ್ಯಾಹ್ನದ ಬಸ್ಸು ಹತ್ತಿ ಹೋಗುವುದು, ಕತ್ತಲಾಗುವ ಮುಂಚೆ ಹಿಂದಿರುಗುವ ಬಸ್ಸು ಹಿಡಿಯುವುದು. ಒಂಟಿ ಹೆಂಗಸು ಕಾವಲಿನಲ್ಲಿ ಬೇರೆ ಯಾವ ಹೊತ್ತಿನಲ್ಲಿ ಇರಲಿಕ್ಕಾಗುತ್ತದೆ? ಗಿಡದ ದಿನಚರಿಯನ್ನು ತಾನು ಬಸ್ಸಿನ ವೇಳೆಯಲ್ಲಿ ಬರೆದುಬಿಟ್ಟಿದ್ದಳು. ನಿನ್ನೆಯೂ ಹಾಗೇ ಹೋಗಿದ್ದು, ಚಂದ್ರಶೇಖರ ಬರುವ ಮುಂಚೆ ಗಿಡ ಹೂವಿನಲ್ಲಿದೆಯೇ ನೋಡಿ ಬರೋಣ ಎಂದು. ಕಾವಲಿನ ಆ ಕಡೆಗೆಲ್ಲ ನೀಲಗಿರಿ ನೆಡಲು ಗುಂಡಿ ತೆಗೆಯುತ್ತಿದ್ದಾರೆಂಬ ಭಯವೂ ಇತ್ತು. ಕಟ್ಟೆಯ ತನಕ ಗುಂಡಿ ಇನ್ನೂ ಬಂದಿರಲಿಲ್ಲ. ಆದರೆ ಸಂಜೆಯ ಬಸ್ಸು ಎಲ್ಲೋ ಆಕ್ಸಲ್ ಮುರಿದುಕೊಂಡು ನಿಂತಿತೆಂದು ಸುದ್ದಿ ಬಂತು. ಕಾವಲಿನ ಅಂಚಿನ ಹಟ್ಟಿಯ ತಿಮ್ಮಕ್ಕ, ಆಡು ಕಾಯುತ್ತ ಇವಳನ್ನು ಬಂದಾಗಲೆಲ್ಲ ಕಂಡು ಕಂಡು ಪರಿಚಯವಾಗಿದ್ದವಳು, ಬನ್ನಿ ಅಮ್ಮಾರೇ ಎಂದು ಕರೆದುಕೊಂಡು ಹೋದಳು. ಹೊಸ ಚಾಪೆ ಹಾಸಿದಳು. ಊಟಕ್ಕೆ ಮಾತ್ರ ಕರೆಯಲಿಲ್ಲ. ನಿಮ್ಮೋರು ನಮ್ಮನೇಲಿ ಉಣ್ಣಲ್ಲವಲ್ಲ ಎಂದು ತಾನೇ ಹೇಳಿ, ಬೂದಿ ಹಾಕಿ ಬೆಳಗಿದ ಲೋಟದಲ್ಲಿ ಹಾಲು ಕೊಟ್ಟಳು. ಇಲ್ಲ, ಉಣ್ಣುತ್ತೇನೆ ಎನ್ನುವ ಮಾತು ದಾಕ್ಷಾಯಣಮ್ಮನ ಬಾಯಿಗೆ ಬಂದು ನಿಂತಿತು. ನಿಂತದ್ದು ಹೊರಗೆ ಬರಲಿಲ್ಲ. ಹಾಲು ಕುಡಿದಳು. ಆ ನಾಚಿಕೆಯಿಂದಲೇ ಇರಬೇಕು, ನಿದ್ದೆ ಸರಿಯಾಗಿ ಹತ್ತದೆ, ಕೋಳಿ ಕೂಗುತ್ತಿದ್ದಂತೆ ಎದ್ದು ಶಾಲು ಹೊದ್ದುಕೊಂಡು ಕಟ್ಟೆಯ ಕಡೆ ಹೊರಟಿದ್ದಳು.

ಮೂಡಣ ಬೆಳ್ಳಗಾಗುತ್ತಿತ್ತು. ಹುಲ್ಲಿನ ಮೇಲೆಲ್ಲ ಇಬ್ಬನಿ. ಗಿಡದ ಹತ್ತಿರ ಹೋಗಿ ನಿಂತವಳಿಗೆ ಮೊದಲು ಏನೂ ಕಾಣಲಿಲ್ಲ, ಇವತ್ತು ಅರಳಬೇಕಾದ ಮೊಗ್ಗುಗಳು ಉಬ್ಬಿ ನಿಂತಿದ್ದವು, ಅಷ್ಟೆ. ಆಮೇಲೆ ಒಂದು ಮೊಗ್ಗು ಮೈ ಮುರಿದಂತೆ ಅಲುಗಿತು. ಗಾಳಿಯಿರಲಿಲ್ಲ. ಅದರ ಮೈಗೆ ಅಂಟಿದ ತುಪ್ಪಟ ಎಂದು ತಾನು ವರ್ಷಗಟ್ಟಲೆ ತಿಳಿದಿದ್ದದ್ದು, ಸೂಜಿಯಿಂದ ಕೆರೆದು ತೆಗೆದು ಬಿಸಾಕಿದ್ದದ್ದು, ಮೆಲ್ಲಗೆ ಬಿರಿಯಿತು. ತುಪ್ಪಟವಲ್ಲ ಅದು. ಬಟ್ಟಲಿಗೆ ಒತ್ತಿ ಅಂಟಿಕೊಂಡಿದ್ದ ಎಸಳುಗಳು, ಒಂದು ಪೂರ್ತಿ ಸುತ್ತು, ಒಂದೊಂದಾಗಿ ಹೊರಕ್ಕೆ ಬಾಗಿ ಪುಟ್ಟ ಕಿರೀಟದಂತೆ ನಿಂತವು. ನಿಂತದ್ದು ಎಷ್ಟು ಹೊತ್ತು? ಅವಳು ಉಸಿರು ಬಿಡುವುದನ್ನು ಮರೆತಿದ್ದಷ್ಟು ಹೊತ್ತು. ಸೂರ್ಯನ ಮೊದಲ ಬೆಳಕು ಕಟ್ಟೆಯ ಕಲ್ಲಿಗೆ ತಾಗುತ್ತಿದ್ದಂತೆ ಅವು ಒಂದೊಂದೇ ಕಳಚಿ ಉದುರಿದವು, ಅವುಗಳ ಕೆಲಸ ಮುಗಿದಿತ್ತು. ಆಮೇಲೆ ಹಳದಿ ಸುರುಳಿ ಬಿಚ್ಚಿಕೊಂಡು ತಾನು ಬಲ್ಲ ಹೂವು ಆಯಿತು. ಪಕ್ಕದ ಮೊಗ್ಗೂ ಹಾಗೇ. ಅದರ ಮೇಲಿನದೂ ಹಾಗೇ. ಗಿಡದ ತುಂಬ ಸದ್ದಿಲ್ಲದೆ ಉದುರುತ್ತಿತ್ತು. ದಾಕ್ಷಾಯಣಮ್ಮ ಗಿಡದ ಪಕ್ಕದ ಕಲ್ಲಿನ ಮೇಲೆ ಕೂತಳು. ಅವಳಿಗೆ ಮೊದಲು ಬಂದದ್ದು ದುಃಖವಲ್ಲ. ಇಷ್ಟು ದಿನ ಪ್ರತಿ ಬೆಳಿಗ್ಗೆ ಇದು ನಡೆಯುತ್ತಿತ್ತು, ಯಾರೂ ನೋಡದಿದ್ದರೂ ನಡೆಯುತ್ತಿತ್ತು ಎಂಬ ಯೋಚನೆಗೆ ಅವಳ ಮೈ ನವಿರೆದ್ದಿತ್ತು. ಲೆಕ್ಕ ಆಮೇಲೆ ಹೊಳೆಯಿತು. ಎಪಿಕ್ಯಾಲಿಕ್ಸ್ ಇದೆ ಎಂದಾಯಿತು. ಇದೆ ಎಂಬ ದಾರಿಯ ಕೊನೆಯಲ್ಲಿ ಇಂಥ ಒಂದು ಗಿಡ ಆಗಲೇ ಇದೆ, ಅರಬ್ಬೀ ಮರಳುಗಾಡಿನದು, ಸಿಂಧಿನ ಮರಳಿನವರೆಗೂ ಕಂಡದ್ದುಂಟು ಎಂದು ಪುಸ್ತಕ ಹೇಳುತ್ತದೆ. ಯಾರೋ ಬಿಳಿಯನೊಬ್ಬ ನೂರು ವರ್ಷದ ಹಿಂದೆಯೇ ಅದಕ್ಕೆ ಉದ್ದನೆಯ ಹೆಸರಿಟ್ಟು ಸತ್ತಿದ್ದಾನೆ. ಅವಳು ಸೆರಗಿನ ಮೇಲೆ ಬಿದ್ದಿದ್ದ ಚೂರುಗಳನ್ನು ಆರಿಸಿಕೊಂಡು, ತಿಮ್ಮಕ್ಕನ ಹತ್ತಿರ ಖಾಲಿ ಬೆಂಕಿಪೊಟ್ಟಣ ಕೇಳಿ ಇಸಿದುಕೊಂಡು, ಮೊದಲ ಬಸ್ಸು ಹತ್ತಿದಳು.

ಗಾಡಿ ಬಂತು. ಚಂದ್ರಶೇಖರ ಹೆಗಲಿಗೆ ಕ್ಯಾಮರಾ ಹಾಕಿಕೊಂಡು ಇಳಿದ. ಗಡ್ಡದಲ್ಲಿ ಎರಡು ಮೂರು ಬಿಳಿ ಕೂದಲು ಬಂದಿದ್ದವು. ಅವನನ್ನು ನೋಡಿದ ಕೂಡಲೇ ಅವಳಿಗೆ ಕೊನೆಯ ಬೆಂಚಿನಲ್ಲಿ ಕೂತು ದಾಸವಾಳಕ್ಕೆ ಜಡೆ ಬರೆಯುತ್ತಿದ್ದವನು ಇವನೇ ಎಂಬುದು ನೆನಪಾಗಿ ಅಕ್ಕರೆಯುಕ್ಕಿತು. ಬಗ್ಗಿ ಕಾಲು ಮುಟ್ಟಿದ. ಬಸ್ಸಿನಲ್ಲಿ ಕೂತ ಮೇಲೆ ಒಂದೇ ಸಮನೆ ಮಾತಾಡಿದ: ಲೇಖನ ಹೆಚ್ಚುಕಡಿಮೆ ಮುಗಿದಿದೆ, ತಾನಾಗಲೇ ಪುಣೆಯ ಒಂದು ಸಭೆಯಲ್ಲಿ ಇದರ ಬಗ್ಗೆ ಹೇಳಿದ್ದಾನೆ, ದೊಡ್ಡ ದೊಡ್ಡವರು ಎದ್ದು ಬಂದು ಕೈ ಕುಲುಕಿದ್ದಾರೆ, ಪ್ರೊಫೆಸರ್ ಹುದ್ದೆಯ ಸಂದರ್ಶನ ಬರುವ ತಿಂಗಳಿದೆ, ಈ ಲೇಖನ ಅಷ್ಟರೊಳಗೆ ಹೋದರೆ ಒಳ್ಳೆಯದು. ಅವಳು ಹೂಂ ಹೂಂ ಎನ್ನುತ್ತಿದ್ದಳು. ಹಾಗಾದರೆ ಇದು ತನ್ನೊಬ್ಬಳ ಹೆಸರಿನ ಮಾತಲ್ಲ. ಹೇಳದೆ ಇರುವುದಕ್ಕೆ ಈಗ ಒಂದು ಒಳ್ಳೆಯ ಕಾರಣವೂ ಸಿಕ್ಕಿತು, ಹುಡುಗನ ಬದುಕು. ಒಳ್ಳೆಯ ಕಾರಣ ಸಿಕ್ಕಿದ್ದಕ್ಕೆ ಅವಳಿಗೆ ಹಾಯೆನಿಸಿತು, ಹಾಯೆನಿಸಿದ್ದಕ್ಕೆ ತನ್ನ ಮೇಲೇ ಅಸಹ್ಯವೆನಿಸಿತು. ಕಿಟಕಿಯಾಚೆ ಜಾಲಿ, ಹೊಲ, ಮತ್ತೆ ಜಾಲಿ. ಚಿಕ್ಕಂದಿನಲ್ಲಿ ಅಪ್ಪ ಬೆಳಿಗ್ಗೆ ಸ್ನಾನ ಮಾಡಿ ಬಂದು ಕೊರಳ ಕರಡಿಗೆಯಿಂದ ಇಷ್ಟಲಿಂಗವನ್ನು ತೆಗೆದು ಎಡ ಅಂಗೈಯಲ್ಲಿಟ್ಟುಕೊಂಡು ನೋಡುತ್ತ ಕೂತಿರುತ್ತಿದ್ದರು. ಅವಳನ್ನೂ ಪಕ್ಕದಲ್ಲಿ ಕೂರಿಸಿ, ಕಣ್ಣು ಮಿಟುಕಿಸದೆ ನೋಡು ಮಗಳೇ, ಬೇರೇನೂ ಮಾಡಬೇಡ ಎನ್ನುತ್ತಿದ್ದರು. ಅವಳು ನೋಡುತ್ತಿದ್ದಳು. ಏನೋ ಆಗುತ್ತದೆಂದು ಕಾಯುತ್ತಿದ್ದಳು. ಏನೂ ಆಗದೆ ಕೈ ಸೋಲುತ್ತಿತ್ತು, ಹೊಟ್ಟೆ ಹಸಿಯುತ್ತಿತ್ತು. ಶಿವದಾರ ಈಗಲೂ ಕೊರಳಲ್ಲಿದೆ, ಪೂಜೆ ಬಿಟ್ಟು ಎಷ್ಟೋ ಕಾಲವಾಯಿತು. ಚೌಳಹಿರಿಯೂರು ಬಂತೆಂದು ಕಂಡಕ್ಟರ್ ಕೂಗಿದ.

ಕಟ್ಟೆಯ ಹತ್ತಿರ ಬಂದಾಗ ಬಿಸಿಲು ನೆತ್ತಿಯಿಂದ ಇಳಿದಿತ್ತು. ಗಿಡದ ತುಂಬ ಹೂವು. ಚಂದ್ರಶೇಖರ ಚೀಲ ಕೆಳಗಿಟ್ಟು ಮಾತು ನಿಲ್ಲಿಸಿದ. ಇಷ್ಟು ದಿನ ಅವನು ಒಣಗಿದ ಹಾಳೆಯನ್ನು ಮಾತ್ರ ನೋಡಿದ್ದ, ಹಸಿ ಗಿಡ ನೋಡುತ್ತಿದ್ದದ್ದು ಮೊದಲು. ಎಷ್ಟು ಚೆನ್ನಾಗಿದೆ ಮೇಡಂ ಎಂದು ಮೆಲ್ಲಗೆ ಹೇಳಿ, ಮಂಡಿಯೂರಿ, ಸುತ್ತಲೂ ತೆವಳಿ ಫೋಟೋ ತೆಗೆಯತೊಡಗಿದ. ಆಡುಗಳನ್ನು ಅಟ್ಟಿಕೊಂಡು ಬಂದ ತಿಮ್ಮಕ್ಕ ಕೋಲಿಗೆ ಗದ್ದ ಊರಿ ನಿಂತು ನೋಡಿದಳು. ಮದುವೆ ಹೆಣ್ಣಿಗೂ ಇಷ್ಟು ಫೋಟ ತೆಗೆಯಲ್ಲ ಎಂದಳು. ಈ ಗಿಡಕ್ಕೆ ಇಲ್ಲಿ ಏನನ್ನುತ್ತೀರಿ ಎಂದು ಚಂದ್ರಶೇಖರ ವಾಡಿಕೆಯಂತೆ ಕೇಳಿದ. ‘ಇದುಕ್ಕೆ ಎಂಥ ಹೆಸ್ರು ಸ್ವಾಮಿ,’ ಎಂದಳು ತಿಮ್ಮಕ್ಕ, ‘ಆಡು ತಿನ್ನಲ್ಲ, ಒಲೆಗೆ ಹಾಕಿದ್ರೆ ಉರಿಯಲ್ಲ. ಕೆಲ್ಸಕ್ಕೆ ಬಂದ್ರೆ ತಾನೆ ಹೆಸ್ರು ಹಿಡಿದು ಕರೆಯೋದು.’ ದಾಕ್ಷಾಯಣಮ್ಮನಿಗೆ ಆ ಮಾತು ಎಲ್ಲೋ ಚುಚ್ಚಿತು. ಆಡುಗಳ ಹಿಂದೆ ತಿಮ್ಮಕ್ಕ ಹೋದ ಮೇಲೂ ಅವಳು ಕಟ್ಟೆಯ ನೆರಳಿನಲ್ಲಿ ಚೀಲವನ್ನು ಎದೆಗವಚಿಕೊಂಡು ಕೂತಿದ್ದಳು. ಈಗ ಹೇಳಬೇಕು. ಫೋಟೋ ಮುಗಿಯಲಿ. ನೀರು ಕುಡಿದು ಹೇಳೋಣ. ಅವನು ಕ್ಯಾಮರಾ ಮುಚ್ಚಿ, ಟೈಂ ನೋಡಿಕೊಂಡು, ಹೊರಡೋಣವಾ ಮೇಡಂ ಎಂದಾಗ ಅವಳ ಕೈ ತಾನಾಗಿಯೇ ಬೆಂಕಿಪೊಟ್ಟಣವನ್ನು ತೆಗೆದು ಅವನ ಮುಂದೆ ಹಿಡಿದಿತ್ತು.

ಬೆಳಿಗ್ಗೆ ಕಂಡದ್ದನ್ನು ಹೇಳಿದಳು. ಪಾಠ ಮಾಡುವವಳಂತೆ ಕ್ರಮವಾಗಿ ಹೇಳಬೇಕೆಂದಿದ್ದದ್ದು ಹಿಂದುಮುಂದಾಗಿ ಬಂತು. ಚಂದ್ರಶೇಖರ ಪೊಟ್ಟಣದೊಳಗೆ ನೋಡಿದ, ಲೆನ್ಸ್ ತೆಗೆದು ನೋಡಿದ. ನಾಳೆ ಅರಳಬೇಕಾದ ಮೊಗ್ಗೊಂದನ್ನು ಕಿತ್ತು ಸೂಜಿಯಿಂದ ಬಿಡಿಸಿದ. ಒತ್ತಿ ಅಂಟಿದ್ದದ್ದು ಹರಿದು ಪುಡಿಯಾಗಿ ಬಂತು. ತುಪ್ಪಟ ಮೇಡಂ ಇದು, ಎಳೆ ಮೊಗ್ಗಿಗೆ ಬಿಸಿಲು ತಾಗದಿರಲಿ ಅಂತ ಇರುತ್ತೆ, ನೀವೇ ಹೇಳಿದ್ದು ಎಂದ. ಹೌದು, ಅವಳೇ ಹೇಳಿದ್ದಳು. ತನ್ನ ತಪ್ಪು ತನ್ನೆದುರಿಗೆ ಗಡ್ಡ ಬಿಟ್ಟುಕೊಂಡು ನಿಂತು ತನಗೇ ಪಾಠ ಹೇಳುತ್ತಿತ್ತು. ನಿದ್ದೆಗಣ್ಣಿನಲ್ಲಿ, ಮಬ್ಬಿನಲ್ಲಿ, ಕನ್ನಡಕಕ್ಕೆ ಇಬ್ಬನಿ ಕೂತಿದ್ದಾಗ ನೋಡಿದ್ದೀರಿ, ವಯಸ್ಸಾದ ಮೇಲೆ ಹಾಗಾಗುತ್ತೆ ಎಂದು ಅವನು ಬಾಯಿಬಿಟ್ಟು ಅನ್ನಲಿಲ್ಲ. ಆದರೆ ಅವನ ದನಿ ಮೆತ್ತಗಾದ ರೀತಿಯಲ್ಲಿ ಅದಿತ್ತು. ಇವತ್ತು ಉಳಿದುಕೋ, ನಾಳೆ ಬೆಳಿಗ್ಗೆ ನೀನೇ ನೋಡು ಎಂದಳು. ನಾಳೆ ಕ್ಲಾಸಿದೆ, ಸಂದರ್ಶನದ ಕಾಗದಪತ್ರಗಳಿವೆ ಎಂದ. ಇನ್ನೊಮ್ಮೆ ಕೇಳಿದಳು. ಮೂರನೆಯ ಸಲ ಕೇಳುವಾಗ ತನ್ನ ದನಿ ಬೇಡುವ ದನಿಯಾದದ್ದು ಅವಳ ಕಿವಿಗೇ ಕೇಳಿಸಿತು. ಎಳೆಯ ವಯಸ್ಸಿನಲ್ಲಿ ಯಾರನ್ನೂ ಬೇಡಿರಲಿಲ್ಲ, ಸಖರಾಯಪಟ್ಟಣದವರು ಎದ್ದು ಹೋದಾಗಲೂ ಒಳಗೆ ಹೋಗಿ ಪಾತ್ರೆ ತೊಳೆದಿದ್ದಳು.

ಚಂದ್ರಶೇಖರ ಪೊಟ್ಟಣವನ್ನು ಕೈಯಲ್ಲಿ ತಿರುಗಿಸಿ ನೋಡಿದ. ಅವನು ದಡ್ಡನಲ್ಲ. ಇದು ನಿಜವಾದರೆ ಗಿಡ ಯಾವ ದಾರಿಯಲ್ಲಿ ಹೋಗಿ ಎಲ್ಲಿಗೆ ಮುಟ್ಟುತ್ತದೆ ಎಂಬುದು ಅವನಿಗೂ ಹೊಳೆದಿರುವುದು ಅವನ ಮುಖದಲ್ಲಿ ಕಾಣುತ್ತಿತ್ತು. ಆಮೇಲೆ ಅವಳ ಮುಖ ನೋಡದೆ ಹೇಳಿದ: ‘ಮೇಡಂ, ಹಾಗೇ ಇದ್ರೂ ಬಿಡಿ. ಹೊತ್ತು ಹುಟ್ಟೋದ್ರೊಳಗೆ ಬಿದ್ದುಹೋಗೋದನ್ನ ಈ ಕಾವಲಿಗೆ ಬಂದು ಯಾರು ನೋಡ್ತಾರೆ? ಹೆಸರು ನಿಮ್ದು. ನಿಮಗೆ ಬೇಡ್ವಾ?’

ಬೇಕು. ಎಷ್ಟು ಬೇಕೆಂದರೆ, ಅವಳಿಗೆ ಕಣ್ಣು ಮಂಜಾಯಿತು. ಅಣ್ಣನ ಜಗುಲಿ, ಎಲೆ ಅಡಿಕೆ, ಹೆಸ್ರು ಹೇಳೋರು ಒಬ್ರು ಬ್ಯಾಡ್ವಾ. ಎಲ್ಲೋ ದೇಶಾಂತರದಲ್ಲಿ ಹುಟ್ಟಲಿರುವ ಮಕ್ಕಳು ಪುಸ್ತಕ ತೆರೆದು ತನ್ನ ಹೆಸರನ್ನು ತಪ್ಪುತಪ್ಪಾಗಿ ಓದುವುದನ್ನು ಅವಳು ಎಷ್ಟೋ ಸಲ ಕಲ್ಪಿಸಿಕೊಂಡಿದ್ದಳು. ಯಾರಿಗೂ ಮೋಸವಿಲ್ಲ, ಯಾರ ಹೊಟ್ಟೆಯ ಮೇಲೂ ಹೊಡೆದಂತಲ್ಲ, ಆಡೂ ತಿನ್ನದ ಒಂದು ಗಿಡ. ಸುಮ್ಮನಿದ್ದರೆ ಸಾಕು. ಸುಮ್ಮನಿರುವುದು ಅವಳಿಗೆ ಬರದ ವಿದ್ಯೆಯೂ ಅಲ್ಲ, ನಿನ್ನೆ ಹಾಲಿನ ಲೋಟ ಹಿಡಿದು ಸುಮ್ಮನಿದ್ದಳಲ್ಲ. ಆದರೆ ಕಣ್ಣ ಮುಂದೆ ಆ ಕಿರೀಟ ಇನ್ನೊಮ್ಮೆ ಬಿರಿಯಿತು. ಯಾರಿಗೂ ತೋರಿಸಿಕೊಳ್ಳಬೇಕೆಂಬ ಹಂಬಲವಿಲ್ಲದೆ ಬಿರಿದು, ಉದುರಿ, ಮುಗಿದದ್ದು. ಅದನ್ನು ಕಂಡ ಮೇಲೆ ಕಾಣಲಿಲ್ಲ ಎನ್ನುವುದು ಹೇಗೆಂದು ಅವಳಿಗೆ ತಿಳಿಯಲಿಲ್ಲ. ‘ಯಾರೂ ನೋಡದಿದ್ರೆ ಬಿಡು,’ ಎಂದಳು, ‘ನಾನು ನೋಡಿದೀನಲ್ಲಪ್ಪ.’ ಅವಳ ದನಿಯಲ್ಲಿ ಈಗ ಬೇಡಿಕೆ ಇರಲಿಲ್ಲ. ದೂರದಲ್ಲಿ ಸಂಜೆಯ ಬಸ್ಸು ಧೂಳೆಬ್ಬಿಸಿಕೊಂಡು ಬಂದು ನಿಂತು, ಕಾದು, ಹಾರ್ನ್ ಹೊಡೆದು ಹೋಯಿತು. ಚಂದ್ರಶೇಖರ ಅದನ್ನು ನೋಡುತ್ತ ನಿಂತಿದ್ದ, ಓಡಲಿಲ್ಲ.

ತಿಮ್ಮಕ್ಕ ಇಬ್ಬರನ್ನೂ ಕಂಡು, ಇವತ್ತೂ ಬಸ್ಸು ಕೆಟ್ಟೋಯ್ತಾ ಎಂದು ನಕ್ಕಳು. ಚಾಪೆ ಹಾಸಿ, ಹಾಲು ಕಾಯಿಸುತ್ತೀನಿ ಎಂದು ಒಳಗೆ ಹೊರಟವಳನ್ನು ದಾಕ್ಷಾಯಣಮ್ಮ ತಡೆದಳು. ‘ಮುದ್ದೆ ಏನಾದ್ರೂ ಮಾಡಿದೀಯಾ ತಿಮ್ಮಕ್ಕ? ಮಾಡಿದ್ರೆ ಬಡಿಸು. ಹಸಿವಾಗಿದೆ.’ ತಿಮ್ಮಕ್ಕ ಬಾಗಿಲಲ್ಲಿ ನಿಂತು ಅವಳ ಕೊರಳ ಶಿವದಾರವನ್ನೂ ಮುಖವನ್ನೂ ನೋಡಿದಳು. ಹುರುಳಿಕಾಳಿನ ಸಾರು, ಖಾರ ಜಾಸ್ತಿ ಎಂದಳು. ಇರಲಿ ಎಂದಳು ದಾಕ್ಷಾಯಣಮ್ಮ. ನಿಜಕ್ಕೂ ಖಾರ ಜಾಸ್ತಿಯಾಗಿತ್ತು. ಮೂಗು ಒರೆಸಿಕೊಳ್ಳುತ್ತ ಉಂಡಳು. ಚಂದ್ರಶೇಖರ ತಟ್ಟೆಯಿಂದ ತಲೆಯೆತ್ತದೆ ಉಂಡ. ಅವನಿಗೆ ಸಿಟ್ಟಿತ್ತು, ಅದು ನ್ಯಾಯವಾದ ಸಿಟ್ಟೇ ಎಂದು ಅವಳಿಗೆ ಗೊತ್ತಿತ್ತು, ಆದ್ದರಿಂದ ಸಮಾಧಾನ ಹೇಳಲು ಹೋಗಲಿಲ್ಲ.

ಬೆಳಗಿನ ಜಾವ ಅವನನ್ನು ಎಬ್ಬಿಸಬೇಕಾಗಲಿಲ್ಲ. ಹೊರಗೆ ಬಂದಾಗ ಅವನಾಗಲೇ ಶೂ ಹಾಕಿಕೊಂಡು ಅಂಗಳದಲ್ಲಿ ನಿಂತಿದ್ದ. ಇಬ್ಬನಿಯಲ್ಲಿ ನೆನೆಯುತ್ತ ಇಬ್ಬರೂ ನಡೆದರು. ಕಟ್ಟೆಯ ಹತ್ತಿರ ಅವನು ಒಂದು ಬದಿಗೆ, ಅವಳು ಒಂದು ಬದಿಗೆ ಕುಕ್ಕರಗಾಲಿನಲ್ಲಿ ಕೂತರು. ಏನೂ ಆಗಲಿಲ್ಲ. ಮೂಡಣದಲ್ಲಿ ಬೆಳಕು ಹರಿಯತೊಡಗಿದರೂ ಮೊಗ್ಗುಗಳು ಮುಚ್ಚಿಕೊಂಡೇ ಇದ್ದವು. ನಿನ್ನೆ ಕಂಡದ್ದು ತನ್ನ ಭ್ರಮೆಯೇ ಆಗಿದ್ದರೆ? ಆಗಿದ್ದರೆ ಹೆಸರು ಉಳಿಯುತ್ತದೆ. ಆ ಯೋಚನೆ ಬಂದಾಗ ಅವಳಿಗೇ ಆಶ್ಚರ್ಯವಾಗುವಂತೆ, ಬೇಡ, ಬಿರಿಯಲಿ, ಇದೊಂದು ಸಲ ಬಿರಿಯಲಿ ಎಂದು ಮನಸ್ಸು ಮೊರೆಯಿಟ್ಟಿತು. ಅಂಗೈಯನ್ನು ಯಾವಾಗ ಚಾಚಿದಳೋ ಗೊತ್ತಿಲ್ಲ, ಎಡಗೈ ಒಂದು ಮೊಗ್ಗಿನ ಕೆಳಗೆ ಹೋಗಿ ನಿಂತಿತ್ತು. ಕಣ್ಣು ಮಿಟುಕಿಸದೆ ನೋಡು ಮಗಳೇ.

ಮೊಗ್ಗು ಅಲುಗಿತು. ಚಂದ್ರಶೇಖರನ ಬಾಯಿಂದ ಉಸಿರು ಹೊರಟ ಸದ್ದು ಕೇಳಿಸಿತು. ಸುತ್ತು ಬಿರಿಯಿತು, ಒಂದೊಂದಾಗಿ ಬಾಗಿತು, ನಿಂತಿತು. ಅವನು ಎಣಿಸಲು ಶುರುಮಾಡಿದವನು ನಡುವೆ ನಿಲ್ಲಿಸಿಬಿಟ್ಟ, ಕೊರಳಲ್ಲಿದ್ದ ಕ್ಯಾಮರಾ ಕೊರಳಲ್ಲೇ ಇತ್ತು. ಕಲ್ಲಿನ ಮೇಲೆ ಬಿಸಿಲು ಬಂತು. ದಾಕ್ಷಾಯಣಮ್ಮನ ಅಂಗೈ ಮೇಲೆ ಮೊದಲ ಚೂರು ಬಿದ್ದದ್ದು ಅವಳ ಕಣ್ಣಿಗೆ ಕಂಡಿತೇ ಹೊರತು ಕೈಗೆ ಗೊತ್ತಾಗಲಿಲ್ಲ, ಅಷ್ಟು ಹಗುರ. ಗಿಡವಿಡೀ ಉದುರುತ್ತಿತ್ತು, ಗಿಡವಿಡೀ ಅರಳುತ್ತಿತ್ತು. ಆಮೇಲೆ ಚಂದ್ರಶೇಖರ, ಹಳೆಯ ಕೊನೆಯ ಬೆಂಚಿನ ಹುಡುಗನ ದನಿಯಲ್ಲಿ, ‘ಮೇಡಂ, ಇದು ಆ ಮರಳುಗಾಡಿಂದ ಇಲ್ಲಿಗೆ ಹೇಗೆ ಬಂತು?’ ಎಂದ.

ಅರಬ್ಬೀ ಕುದುರೆಯ ಬಾಲದಲ್ಲಿ ಸಿಕ್ಕಿಕೊಂಡು, ಯಾವುದೋ ದಂಡಿನ ಜೊತೆ, ದನಗಳ ಮೈಯ ಕೆಸರಿನಲ್ಲಿ, ಹಕ್ಕಿಯ ಕಾಲಿನಲ್ಲಿ. ಹೀಗೆಲ್ಲ ಹೇಳಬಹುದಿತ್ತು. ಸಮುದ್ರ ದಾಟಿ, ಮರಳು ದಾಟಿ, ಈ ಕಲ್ಲಿನ ಸಂದು ಹುಡುಕಿಕೊಂಡು ಬಂದು, ತನ್ನ ಕುಲದವರು ಒಬ್ಬರೂ ಇಲ್ಲದ ಕಡೆ ಪ್ರತಿ ಬೆಳಿಗ್ಗೆ ತನ್ನ ಕ್ರಮ ತಪ್ಪದೆ ನಡೆಸಿಕೊಂಡು ಬಂದಿತ್ತು. ತರಗತಿಯಲ್ಲಿ ಯಾವ ಪ್ರಶ್ನೆಗೂ ಉತ್ತರವಿಲ್ಲ ಎಂದವಳಲ್ಲ ಅವಳು. ‘ಗೊತ್ತಿಲ್ಲ ಕಣಪ್ಪ,’ ಎಂದಳು. ಗೊತ್ತಿಲ್ಲ ಎನ್ನುವುದರಲ್ಲಿ ಇಷ್ಟು ಸಂತೋಷವಿರುತ್ತದೆಂದು ಈ ವಯಸ್ಸಿನವರೆಗೆ ಯಾರೂ ಅವಳಿಗೆ ಹೇಳಿರಲಿಲ್ಲ.

ಆಡುಗಳ ಗಂಟೆ ಕೇಳಿಸಿತು. ತಿಮ್ಮಕ್ಕ ಕಟ್ಟೆಯ ಆಚೆ ನಿಂತು, ಇಬ್ಬರೂ ಕೂತ ಭಂಗಿ ನೋಡಿ, ಕೊನೆಗೂ ಇದಕ್ಕೆ ಹೆಸರು ಸಿಕ್ಕಿತಾ ಎಂದು ಕೇಳಿದಳು. ಮೊದಲೇ ಇತ್ತಂತೆ, ನಮಗೆ ಗೊತ್ತಿರಲಿಲ್ಲ ಎಂದಳು ದಾಕ್ಷಾಯಣಮ್ಮ. ಏನದು ಎಂದು ತಿಮ್ಮಕ್ಕ ಕೇಳಿದಾಗ ಅವಳು ಗಿಡದ ಕಡೆಗೆ ತಿರುಗಿಕೊಂಡಳು. ಲ್ಯಾಟಿನ್ನಿನ ಆ ಉದ್ದನೆಯ ಹೆಸರು ಮೊದಲ ಸಲ ನಾಲಿಗೆ ತೊಡರಿ ಅರ್ಧಕ್ಕೆ ನಿಂತಿತು. ಬಾಯಿಗೆ ಬರಲ್ಲ ಬಿಡಿ ಅಮ್ಮಾರೇ ಎಂದು ತಿಮ್ಮಕ್ಕ ನಕ್ಕಳು, ಚಂದ್ರಶೇಖರನೂ ನಕ್ಕ. ಅವಳು ಬಿಡಲಿಲ್ಲ. ಇಷ್ಟು ದೂರ ಬಂದ ಗಿಡಕ್ಕೆ ಇಲ್ಲಿ ಹೆಸರು ಹೇಳುವವರು ಒಬ್ಬರಾದರೂ ಬೇಡವೇ? ಚಾಚಿದ ಅಂಗೈಯನ್ನು ಹಾಗೇ ಹಿಡಿದುಕೊಂಡು, ಅಕ್ಷರ ಅಕ್ಷರವಾಗಿ, ಕೂಸನ್ನು ಕರೆಯುವಷ್ಟು ಮೆಲ್ಲಗೆ, ಅವಳು ಅದರ ಹೆಸರನ್ನು ಪೂರ್ತಿ ಹೇಳಿದಳು.